ಅತಿಥಿಗಳ ಪರಿಚಯ

ಬಟ್ಟೆಯ ಬುಟ್ಟಿಯನ್ನು ಸೊಂಟಕ್ಕೆ ಆನಿಸಿಕೊಂಡು ನೆಲಮಾಳಿಗೆಯ ಮೆಟ್ಟಿಲ ಮೇಲೆ ನಿಂತಿದ್ದ ಶೇಷಾದ್ರಿಗೆ ಕೆಳಗೆ ಯಂತ್ರ ತಿರುಗುವ ಸದ್ದು ಕೇಳುತ್ತಿತ್ತು. ಅಂದರೆ ಕಿಮೊ ಇನ್ನೂ ಅಲ್ಲೇ ಇದ್ದಾರೆ. ಭಾನುವಾರದಿಂದ ಈ ಗುರುವಾರದ ಸಂಜೆಯವರೆಗೆ ಅವನು ಅವರ ಕಣ್ಣಿಗೆ ಬೀಳದೆ ದಿನ ದೂಡಿದ್ದ. ಲಿಫ್ಟು ಬಿಟ್ಟು ಮೆಟ್ಟಿಲು ಹಿಡಿದಿದ್ದ; ಮೆಟ್ಟಿಲಲ್ಲಿ ಅವರ ಕೆಮ್ಮು ಕೇಳಿದರೆ ಮತ್ತೆ ಲಿಫ್ಟು ಹತ್ತಿದ್ದ; ಒಮ್ಮೆ ಕಸದ ಕೋಣೆಯಲ್ಲಿ ಹಾಲಿನ ಖಾಲಿ ಡಬ್ಬಗಳನ್ನು ಒಂದೊಂದಾಗಿ ಚಪ್ಪಟೆ ಮಾಡುತ್ತ, ಹೊರಗಿನ ಹೆಜ್ಜೆಗಳು ದೂರವಾಗುವವರೆಗೆ ಮಹಾ ಪರಿಸರಪ್ರೇಮಿಯಂತೆ ನಿಂತಿದ್ದ. ಆದರೆ ಸ್ಟಾಕ್‌ಹೋಮಿನ ಪಕ್ಕದ ಸೋಲ್ನಾದ ಈ ಹಳೆಯ ಕಟ್ಟಡದಲ್ಲಿ ಯಾರಿಂದ ಬೇಕಾದರೂ ತಪ್ಪಿಸಿಕೊಳ್ಳಬಹುದು, ಬಟ್ಟೆ ಒಗೆಯುವ ಸರದಿಯಿಂದ ಸಾಧ್ಯವಿಲ್ಲ. ಇಡೀ ಕಟ್ಟಡಕ್ಕೆ ಒಂದೇ ಒಗೆಯುವ ಕೋಣೆ. ಗೋಡೆಯ ಹಲಗೆಯ ಮೇಲೆ ವಾರದ ಹೊತ್ತುಗಳು, ಪ್ರತಿ ಮನೆಗೂ ಒಂದು ಪುಟ್ಟ ಬೀಗ. ಬೇಕಾದ ಹೊತ್ತಿನ ತೂತಿಗೆ ನಮ್ಮ ಬೀಗ ಹಾಕಿಟ್ಟರೆ ಆ ಹೊತ್ತು ನಮ್ಮದು. ಗುರುವಾರ ಮೊದಲ ಹೊತ್ತು ಕಿಮೊ ಅವರದು, ಅದರ ಬೆನ್ನಿಗೇ ಶೇಷಾದ್ರಿಯದು, ವರ್ಷಗಳಿಂದ ಹಾಗೇ. ಬರದೆ ಹೋದರೆ ಹೊತ್ತು ಕೈತಪ್ಪುತ್ತದೆ, ಮಗಳು ಶ್ರಾವಣಿ ನಾಳೆ ಶಾಲೆಯ ಆಟಕ್ಕೆ ಕೊಳಕು ಬಟ್ಟೆಯಲ್ಲಿ ಹೋಗಬೇಕಾಗುತ್ತದೆ. ಹೀಗೆಂದು ಅವನು ಯೋಚಿಸುತ್ತಿರುವಾಗ ಮೆಟ್ಟಿಲ ದೀಪ ತನ್ನ ಗಡುವು ಮುಗಿಸಿ ತಾನಾಗಿ ಆರಿತು. ಗುಂಡಿ ಒತ್ತಿದರೆ ಮತ್ತೆ ಹತ್ತುತ್ತದೆ. ಅವನು ಒತ್ತಲಿಲ್ಲ.

ಕಿಮೊ ನಹುಲು ಯಾರೆಂದು ಅವನಿಗೆ ಮೊದಲು ಗೊತ್ತಿರಲಿಲ್ಲ. ಈ ಕೋಣೆಯಲ್ಲೇ, ಹೊಸದಾಗಿ ಬಂದ ವರ್ಷ, ಸಾಬೂನು ಹಾಕುವ ಖಾನೆ ಯಾವುದೆಂದು ತಿಳಿಯದೆ ಎಲ್ಲ ಖಾನೆಗಳಿಗೂ ಸಮನಾಗಿ ಹಂಚುತ್ತಿದ್ದಾಗ, ಬೆಂಚಿನ ಮೇಲಿದ್ದ ಕಂದು ಬಣ್ಣದ ಅಗಲ ಮುಖದ ಮುದುಕರೊಬ್ಬರು ಎದ್ದು ಬಂದು ಬೆರಳಿನಿಂದ ತೋರಿಸಿಕೊಟ್ಟಿದ್ದರು. ಮಂಗಳೂರಿನ ಕಡೆಯವರಿರಬೇಕು ಅಂದುಕೊಂಡು ಶೇಷಾದ್ರಿ ಕನ್ನಡದಲ್ಲೇ ಥ್ಯಾಂಕ್ಸ್ ಸರ್ ಅಂದಿದ್ದ. ಆ ಸರ್ ಹಾಗೇ ಉಳಿಯಿತು. ಪ್ರಧಾನಿಯನ್ನೂ ಹೆಸರು ಹಿಡಿದು ಕರೆಯುವ ಈ ದೇಶದಲ್ಲಿ ತಮ್ಮನ್ನು ಸರ್ ಎನ್ನುವವನು ಇವನೊಬ್ಬನೇ ಎಂದು ಕಿಮೊ ಆಮೇಲೆ ನಕ್ಕಿದ್ದರು. ಅವರು ಇವನನ್ನು ಶೇಷ್ ಎನ್ನುತ್ತಿದ್ದರು. ಅರ್ಧ ಸ್ವೀಡಿಷ್, ಅರ್ಧ ಇಂಗ್ಲಿಷ್ ಮಾತು. ತಮ್ಮ ಬಟ್ಟೆ ಮುಗಿದ ಮೇಲೂ ಅವರು ಹೋಗದೆ ಕೂತಿರುತ್ತಿದ್ದರು. ಹೆಂಡತಿ ಬಿರ್ಗಿತ್ ತೀರಿಕೊಂಡ ಮೇಲೆ ಅವರ ಮನೆಗಿಂತ ಈ ಕೋಣೆ ಬೆಚ್ಚಗಿರುತ್ತಿತ್ತು ಅಂತ ಕಾಣುತ್ತದೆ. ಶೇಷಾದ್ರಿಗೂ ಅದು ಬೇಕಿತ್ತು. ಆಫೀಸಿನ ಕಾಫಿ ಹೊತ್ತಿನಲ್ಲಿ ಅವನು ಒಂದು ತಮಾಷೆಯನ್ನು ಸ್ವೀಡಿಷಿನಲ್ಲಿ ಜೋಡಿಸಿ, ಕ್ರಿಯಾಪದವನ್ನು ಸರಿಯಾದ ಜಾಗಕ್ಕೆ ತಳ್ಳಿ, ಬಾಯಿ ತೆರೆಯುವಷ್ಟರಲ್ಲಿ ಉಳಿದವರ ಮಾತು ಬೇಸಿಗೆ ರಜೆಯ ಮನೆಯಿಂದ ದೋಣಿಗೆ ದಾಟಿಹೋಗಿರುತ್ತಿತ್ತು. ಅವನು ಇತರರ ತಮಾಷೆಗೆ ನಗುವವನಾಗಿಯೇ ಅಲ್ಲಿ ಹೆಸರಾಗಿದ್ದ. ಇಲ್ಲಿ ಮಾತ್ರ, ಯಂತ್ರ ತಿರುಗುವಷ್ಟು ಹೊತ್ತು, ಒಬ್ಬರು ಅವನ ವಾಕ್ಯ ಮುಗಿಯುವವರೆಗೆ ಕಾಯುತ್ತಿದ್ದರು.

ಅವರ ದೊಡ್ಡತನ ತಿಳಿದದ್ದು ಸೋಲ್ನಾದ ಮಾರುಕಟ್ಟೆಯಲ್ಲಿ. ಬಾಳೆಹಣ್ಣಿನ ಮುಂದೆ ನಿಂತಿದ್ದ ಅವರ ಕೈಯನ್ನು ಬಿಳಿಗೂದಲಿನ ಹೆಂಗಸೊಬ್ಬಳು ಎರಡೂ ಕೈಯಲ್ಲಿ ಹಿಡಿದು ಅಳುತ್ತಿದ್ದಳು. ಅವಳ ಮದುವೆಯ ಹಿಂದಿನ ಬೇಸಿಗೆ ಅವಳೂರಿನ ಪಾರ್ಕಿನಲ್ಲಿ ಕಿಮೊ ಹಾಡಿದ್ದರಂತೆ, ಅವಳು ಕುಣಿದಿದ್ದಳಂತೆ. ಕಿಮೊ ಕೈ ಬಿಡಿಸಿಕೊಳ್ಳಲಿಲ್ಲ. ಹೆಸರು ಕೇಳಿದರು, ಗಂಡ ಹೇಗಿದ್ದಾನೆ ಎಂದು ಕೇಳಿದರು. ಇಂಥವರು ವಾರಕ್ಕೆ ಇಬ್ಬರಾದರೂ ಸಿಗುವುದರಿಂದ ತನಗೆ ಬಾಳೆಹಣ್ಣು ಬೇಗ ಕೊಂಡು ಅಭ್ಯಾಸವೇ ಇಲ್ಲ ಎಂದು ಆಮೇಲೆ ಹೇಳಿದರು. ಪೆಸಿಫಿಕ್ ಸಮುದ್ರದ ಮೊಲೊಕಾಯಿ ಎಂಬ ದ್ವೀಪದ ಒಂದು ಕಣಿವೆಯಲ್ಲಿ ಹುಟ್ಟಿದವರು, ಸಾಕಿದವಳು ಅಜ್ಜಿ. ಹೊನೊಲುಲುವಿನ ಹೋಟೆಲುಗಳಲ್ಲಿ ಹಾಡಿ, ಅರವತ್ತರ ದಶಕದಲ್ಲಿ ಒಂದು ತಂಡದ ಜೊತೆ ಒಂದು ಚಳಿಗಾಲದ ಮಟ್ಟಿಗೆ ಸ್ಟಾಕ್‌ಹೋಮಿನ ರೆಸ್ಟೋರೆಂಟಿಗೆ ಬಂದವರು. ವಸಂತಕ್ಕೆ ತಂಡ ವಾಪಸು ಹೋಯಿತು, ಇವರು ಬಿರ್ಗಿತ್‌ಗಾಗಿ ಉಳಿದರು. ಆಮೇಲಿನದು ಬೇಸಿಗೆಯ ಪಾರ್ಕುಗಳು, ಫಿನ್‌ಲೆಂಡಿನ ಹಡಗುಗಳು, ಟಿವಿಯಲ್ಲಿ ಮಕ್ಕಳ ಶನಿವಾರದ ಕಾರ್ಯಕ್ರಮ. ಬಿಳಿ ಪ್ಯಾಂಟು, ಹೂವಿನ ಅಂಗಿ, ಕೊರಳಿಗೆ ಪ್ಲಾಸ್ಟಿಕ್ ಹಾರ. ಒಂದು ಫೆಬ್ರುವರಿಯಲ್ಲಿ ಕುರ್ಚಿ ಮೇಜಿನ ಅಂಗಡಿಯೊಂದರ ಉದ್ಘಾಟನೆಗೆ ಹುಲ್ಲಿನ ಲಂಗ ಉಟ್ಟು, ಫೋಟೋ ಚೆನ್ನಾಗಿ ಬರಲೆಂದು ಹಿಮದ ಮೇಲೆ ಬರಿಗಾಲಲ್ಲಿ ನಿಂತಿದ್ದರು. ಎಲ್ಲ ಕಡೆಯೂ ಜನ ಅದೇ ನಾಲ್ಕಾರು ಹಾಡು ಕೇಳುತ್ತಿದ್ದರು. ಅವುಗಳಲ್ಲಿ ಹೆಚ್ಚಿನವನ್ನು ಬರೆದವರು ಸಮುದ್ರವನ್ನೇ ನೋಡಿದವರಲ್ಲ ಎಂದು ಕಿಮೊ ದೂರುವ ದನಿಯಲ್ಲಿ ಅಲ್ಲ, ಬಸ್ಸು ತಡ ಎಂದು ಹೇಳುವ ದನಿಯಲ್ಲಿ ಹೇಳಿದ್ದರು.

ಕತ್ತಲಲ್ಲಿ ಬುಟ್ಟಿಯ ಅಂಚು ಸೊಂಟಕ್ಕೆ ಒತ್ತುತ್ತಿತ್ತು. ಹೆಂಡತಿ ಶಾರದಾ ಪತ್ರೊಡೆ ಮಾಡಿದ್ದ ದಿನ ಇದೇ ಮೆಟ್ಟಿಲಲ್ಲಿ ಡಬ್ಬಿ ಹಿಡಿದು ಇಳಿದಿದ್ದ. ಏಷ್ಯಾದವರ ಅಂಗಡಿಯ ಫ್ರೀಜರಿನಲ್ಲಿ ಕೆಸುವಿನ ಎಲೆ ಸಿಕ್ಕ ಸಂಭ್ರಮದಲ್ಲಿ ಅವಳು, ಪುತ್ತೂರಿನವಳು, ಬೀದಿಗೆಲ್ಲ ಹಂಚುವಷ್ಟು ಮಾಡಿದ್ದಳು. ಕಿಮೊ ಒಂದು ತುಂಡು ಬಾಯಿಗಿಟ್ಟು ಅಗಿಯುವುದನ್ನು ನಿಲ್ಲಿಸಿದರು. ಅವರ ಅಜ್ಜಿಯದು ಕೆಸುವಿನ ಗದ್ದೆ. ಮೆಟ್ಟಿಲುಮೆಟ್ಟಿಲಾದ ಗದ್ದೆಗಳಲ್ಲಿ ನೀರು ಒಂದರಿಂದೊಂದಕ್ಕೆ ಇಳಿಯುತ್ತದಂತೆ, ಅವಳೂ ಎಲೆಯಲ್ಲಿ ಸುತ್ತಿ ಬೇಯಿಸುತ್ತಿದ್ದಳಂತೆ. ಆ ನೀರಿನ ಮೇಲೆ ಅವಳು ಒಂದು ಹಾಡು ಕಟ್ಟಿದ್ದಳು. ನಾಲ್ಕೇ ಸಾಲು. ಅದನ್ನು ಕಿಮೊ ಯಾವ ಪಾರ್ಕಿನಲ್ಲೂ ಹಾಡಿರಲಿಲ್ಲ, ಹಾಡಿ ಎಂದು ಯಾರೂ ಕೇಳಿರಲೂ ಇಲ್ಲ. ಬಿರ್ಗಿತ್‌ಗೆ ಗೊತ್ತಿತ್ತು. ಮಗಳು ಲೇನಾಗೆ ಚಿಕ್ಕಂದಿನಲ್ಲಿ ಹೇಳಿಕೊಡಲು ಹೋದಾಗ ಅವಳಿಗೆ ಅಪ್ಪನ ಟಿವಿಯ ಹಾಡೇ ಬೇಕಾಗಿತ್ತು. ಈಗ ಲೇನಾ ಓರೆಬ್ರೂ ಎಂಬ ಊರಿನ ಆಸ್ಪತ್ರೆಯಲ್ಲಿ ಡಾಕ್ಟರು, ಅಪ್ಪನನ್ನು ತನ್ನ ಮನೆಯ ಹತ್ತಿರದ ವೃದ್ಧರ ವಸತಿಗೆ ಕರೆದೊಯ್ಯುವವಳಿದ್ದಳು. ಆಗಲೇ ಶೇಷಾದ್ರಿಯ ತಲೆಗೆ ಹೊಳೆದದ್ದು: ನಮ್ಮ ಕನ್ನಡ ಬಳಗದ ವಾರ್ಷಿಕೋತ್ಸವಕ್ಕೆ ಬನ್ನಿ ಸರ್, ನಿಮಗೊಂದು ಸನ್ಮಾನ ಮಾಡ್ತೀವಿ. ಕಿಮೊ ಸ್ವಲ್ಪ ಹೊತ್ತು ಯಂತ್ರದ ಗಾಜನ್ನು ನೋಡಿದರು. ನಿಮ್ಮ ಜನರಿಗೆ ನನ್ನ ಹಳೆಯ ಹಾಡುಗಳು ಗೊತ್ತೇ ಎಂದು ಕೇಳಿದರು. ಒಂದೂ ಗೊತ್ತಿಲ್ಲ ಸರ್ ಎಂದು ಶೇಷಾದ್ರಿ ಸಂಕೋಚದಿಂದ ಹೇಳಿದ. ಹಾಗಾದರೆ ಬರುತ್ತೇನೆ, ಅಜ್ಜಿಯದನ್ನು ಹಾಡುತ್ತೇನೆ, ಅದೊಂದೇ, ಆಮೇಲೆ ವಾದ್ಯದ ಪೆಟ್ಟಿಗೆ ಮುಚ್ಚಿ ಓರೆಬ್ರೂಗೆ ಹೋಗುತ್ತೇನೆ ಎಂದರು ಕಿಮೊ. ಹೇಗಿದೆ ಎಂದು ಕೇಳಿದ್ದಕ್ಕೆ ತಮ್ಮ ದ್ವೀಪದ ಮಾತಿನಲ್ಲಿ ಎರಡು ಸಾಲು ಮೆಲ್ಲಗೆ ಹಾಡಿ ತೋರಿಸಿ, ಅರ್ಥವನ್ನೂ ಹೇಳಿದರು. ಬೆಟ್ಟದಿಂದ ನೀರು ಬಂತು. ನಮ್ಮ ಗದ್ದೆಯಲ್ಲಿ ಒಂದಿಷ್ಟು ಹೊತ್ತು ನಿಂತಿತು. ಧಾಟಿ ಸುಲಭವಾಗಿತ್ತು, ಒಮ್ಮೆ ಕೇಳಿದರೆ ಹತ್ತಿಕೊಳ್ಳುವಂಥದು. ಮುಂದೆ ಎಂದು ಶೇಷಾದ್ರಿ ಕೇಳಿದ.

"ಮುಂದಿನದು ಭಾನುವಾರ," ಅಂದಿದ್ದರು ಕಿಮೊ.

ಭಾನುವಾರ ಎಲ್ಲ ನಮ್ಮ ಪದ್ಧತಿಯ ಪ್ರಕಾರವೇ ನಡೆಯಿತು. ಎರಡಕ್ಕೆ ಎಂದದ್ದು ಮೂರೂವರೆಗೆ ಶುರುವಾಯಿತು. ಎರಡಕ್ಕೇ ಬಂದವರು ಕಿಮೊ ಒಬ್ಬರೇ. ಬಿಳಿ ಪ್ಯಾಂಟು ತೊಟ್ಟು, ಪುಟ್ಟ ಗಿಟಾರಿನಂಥ ಉಕುಲೇಲೆಯ ಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟುಕೊಂಡು, ಕುರ್ಚಿ ಜೋಡಿಸುವವರ ನಡುವೆ ಕೂತಿದ್ದರು. ದೀಪ ಬೆಳಗುವಾಗ ಹೊಗೆ ಎಚ್ಚರಿಕೆಯ ಗಂಟೆ ಹೊಡೆದುಕೊಂಡಿತು. ಮಕ್ಕಳ ನೃತ್ಯಕ್ಕೆ ಹಾಡು ಸಿಗಲಿಲ್ಲ, ಸಿಕ್ಕಾಗ ಮಕ್ಕಳು ಸಿಗಲಿಲ್ಲ. ಅಧ್ಯಕ್ಷ ನಂದಕುಮಾರ ಬಳಗದ ಬೆಳವಣಿಗೆಯನ್ನು ಸ್ಥಾಪನೆಯಿಂದ ವಿವರಿಸಿದ. ಆಮೇಲೆ ಅತಿಥಿಗಳ ಪರಿಚಯ. ಪರಿಚಯ ಭಾಷಣ ಯಾವಾಗಲೂ ಶೇಷಾದ್ರಿಯದು. ಕೆಲವು ವರ್ಷಗಳ ಹಿಂದೆ ಗಣೇಶನ ಹಬ್ಬಕ್ಕೆ ತಾನೊಂದು ಹಾಡುತ್ತೇನೆಂದು ಅವನು ಹೆಸರು ಕೊಟ್ಟಿದ್ದಾಗ, ಸಾಂಸ್ಕೃತಿಕ ವಿಭಾಗದ ಸ್ಪಂದನಾ ಅವನ ಅಭ್ಯಾಸ ಕೇಳಿ, ಮುಖದಲ್ಲಿ ನಗು ಇಟ್ಟುಕೊಂಡೇ, "ಶೇಷಾದ್ರಿ ಸರ್, ಸಿಂಗರ್ಸ್ ಜಾಸ್ತಿ ಆಗ್ಬಿಟ್ಟಿದಾರೆ. ನಿಮ್ ಲ್ಯಾಂಗ್ವೇಜ್ ಸೂಪರ್ ಇದೆ, ನೀವು ಇಂಟ್ರೊಡಕ್ಷನ್ ಮಾಡಿ," ಅಂದಿದ್ದಳು. ಅವತ್ತಿನಿಂದ ಅವನು ಪರಿಚಯಿಸುತ್ತ ಬಂದಿದ್ದ. ರಾಯಭಾರ ಕಚೇರಿಯವರನ್ನು, ಪ್ರವಾಸ ಬಂದ ಮಿಮಿಕ್ರಿಯವನನ್ನು, ಹಲ್ಲಿನ ವೈದ್ಯರನ್ನು.

ಐದಕ್ಕೆ ಸಭಾಂಗಣದ ಕೀಲಿ ಒಪ್ಪಿಸಬೇಕು ಎನ್ನುವುದು ಅವನಿಗೆ ಗೊತ್ತಿತ್ತು. ಗೊತ್ತಿರಲಿಲ್ಲ ಎಂದು ಈ ನಾಲ್ಕು ದಿನಗಳಲ್ಲಿ ಹಲವು ಸಲ ಹೇಳಿಕೊಂಡು ನೋಡಿದ್ದ, ನಂಬಿಕೆ ಬಂದಿರಲಿಲ್ಲ. ಮೊದಲ ಮಾತುಗಳನ್ನು ಎಂದಿನಂತೆ ಹೇಳಿದ್ದ, ಯಾರೂ ಕೇಳುತ್ತಿರಲಿಲ್ಲ, ಹಿಂದಿನ ಸಾಲಿನಲ್ಲಿ ಬಿಸಿಬೇಳೆಬಾತಿನ ಪಾತ್ರೆಯ ಮುಚ್ಚಳ ತೆಗೆದು ನೋಡುತ್ತಿದ್ದರು. ಆಗ ಪತ್ರೊಡೆಯ ಕಥೆ ಬಂತು. ಪುತ್ತೂರಿನ ಪತ್ರೊಡೆ ಪೆಸಿಫಿಕ್ ಸಮುದ್ರ ದಾಟಿದ್ದು ಹೀಗೆ ಅಂದ. ಜನ ನಕ್ಕರು. ಒಬ್ಬಿಬ್ಬರಲ್ಲ, ಇಡೀ ಸಭೆ. ಈ ದೇಶಕ್ಕೆ ಬಂದ ಒಂಬತ್ತು ವರ್ಷಗಳಲ್ಲಿ ಅವನ ಮಾತಿಗೆ ಇಷ್ಟು ಜನ ಒಟ್ಟಿಗೆ ನಕ್ಕಿರಲಿಲ್ಲ, ಅದೂ ಮಾತು ಮುಗಿದ ಸರಿಯಾದ ಕ್ಷಣಕ್ಕೆ. ಅವನು ಹುಲ್ಲಿನ ಲಂಗದ ಕಥೆ ಹೇಳಿದ. ಬಾಳೆಹಣ್ಣಿನ ಕಥೆ ಹೇಳಿದ. ಹೆಂಗಸರ ಸಾಲಿನಲ್ಲಿ ಯಾರೋ ಕಣ್ಣೊರೆಸಿಕೊಂಡರು. ಕಿಮೊ ಅವರ ಬದುಕು ಅವನ ಬಾಯಿಯಲ್ಲಿ ಎಷ್ಟು ಚೆನ್ನಾಗಿ ಕೂತಿತೆಂದರೆ, ಹುಟ್ಟು, ಹಡಗು, ಬಿರ್ಗಿತ್, ಸಾವು, ಎಲ್ಲ ತಾವಾಗಿಯೇ ಸಾಲುಗಟ್ಟಿ ಬರುತ್ತಿದ್ದವು. ವೇದಿಕೆಯ ಮೇಲೆ ಕಿಮೊ, ಒಂದಕ್ಷರ ಅರ್ಥವಾಗದೆ, ತಮ್ಮ ಹೆಸರು ಬಂದಾಗಲೆಲ್ಲ ತಲೆಬಾಗಿಸುತ್ತಿದ್ದರು. ನಂದಕುಮಾರ ಒಂದು ಚೀಟಿ ತಂದು ಮೈಕಿನ ಪಕ್ಕಕ್ಕಿಟ್ಟ. ಮುಗಿಸಿ ಪ್ಲೀಸ್ ಎಂದಿತ್ತು. ಶೇಷಾದ್ರಿ ಅದನ್ನು ಓದಿದ, ಮಡಿಸಿದ, ಜೇಬಿಗಿಟ್ಟುಕೊಂಡ. ಬಾಗಿಲಲ್ಲಿ ಸಭಾಂಗಣದವನು ನೆಲ ಒರೆಸುವ ಕೋಲು ಹಿಡಿದು ನಿಂತಿದ್ದ. ಅವನನ್ನೂ ನೋಡಿದ.

ಆ ಗಳಿಗೆಯಲ್ಲಿ ತನ್ನ ಮನಸ್ಸಿನಲ್ಲಿ ಏನಿತ್ತು ಎಂಬುದನ್ನು ಅವನು ಈಗ ಕತ್ತಲಲ್ಲಿ ಕೆದಕಿದ. ಮುದುಕರ ದನಿ ನಡುಗುತ್ತದೆ, ಜನ ಮಾತಾಡಿಕೊಳ್ಳುತ್ತಾರೆ, ಪಾತ್ರೆಯ ಸದ್ದಾಗುತ್ತದೆ, ಅವರಿಗೆ ಅವಮಾನವಾಗುತ್ತದೆ; ಅದರಿಂದ ಅವರನ್ನು ಉಳಿಸಬೇಕೆಂದಿತ್ತೇ? ಹಾಗೆಂದೇ ಸೋಮವಾರದವರೆಗೆ ನಂಬಿದ್ದ. ಆದರೆ ಅವನು ಆಮೇಲೆ ಮಾಡಿದ್ದು ಉಳಿಸುವವನ ಕೆಲಸವಲ್ಲ. "ಆ ಹಾಡಿನ ಧಾಟಿ ಹೀಗಿದೆ," ಎಂದು ಹೇಳಿ, ಶೇಷಾದ್ರಿ ಮೈಕನ್ನು ಹತ್ತಿರ ಎಳೆದುಕೊಂಡು, ಕಣ್ಣು ಮುಚ್ಚಿ, ಆ ಎರಡು ಸಾಲುಗಳನ್ನು ಹಾಡಿದ್ದ. ಅರ್ಥ ಹೇಳಿ ಮತ್ತೊಮ್ಮೆ ಹಾಡಿದ್ದ. ಚಪ್ಪಾಳೆ ಬಿತ್ತು. ಕಣ್ಣು ತೆರೆದಾಗ ಕಂಡದ್ದು ಕಿಮೊ ಅವರ ಎಡಗೈ. ಅಷ್ಟು ಹೊತ್ತೂ ಪೆಟ್ಟಿಗೆಯ ಮುಚ್ಚಳದ ಮೇಲೆ ತಂತಿಯಿದೆಯೆಂಬಂತೆ ಒತ್ತಿ ಒತ್ತಿ ನೋಡಿಕೊಳ್ಳುತ್ತಿದ್ದ ಬೆರಳುಗಳು ನಿಂತಿದ್ದವು. ಇಡೀ ಭಾಷಣದಲ್ಲಿ ಅವರಿಗೆ ಅರ್ಥವಾದದ್ದು ಅದೊಂದೇ.

ಆಮೇಲೆ ಅವಸರ. ಕೆಂಪು ಶಾಲು ಹೊದಿಸಿದರು, ಮೈಸೂರು ಪೇಟ ಇಟ್ಟರು, ಅದು ಚಿಕ್ಕದಾಗಿ ನೆತ್ತಿಯ ಮೇಲೆ ಕೂತಿತು. ಐವತ್ತು ವರ್ಷ ಕೊರಳು ಕೊಟ್ಟವರಿಗೆ ಇನ್ನೊಂದು ಹಾರ ಬಿತ್ತು. ಹಣ್ಣಿನ ಬುಟ್ಟಿ ಕೊಟ್ಟರು. ಎಲ್ಲರೂ ಅವರ ಜೊತೆ ನಿಂತು ಫೋಟೋ ತೆಗೆಸಿಕೊಂಡರು, ಮಕ್ಕಳು ಬೇರೆಯಾಗಿ, ಹೆಂಗಸರು ಬೇರೆಯಾಗಿ. ಅದು ಮುಗಿದಾಗ ಕಿಮೊ ಬುಟ್ಟಿಯನ್ನು ನೆಲಕ್ಕಿಟ್ಟು ಪೆಟ್ಟಿಗೆಯ ಕೊಂಡಿ ತೆಗೆದರು. ಅರ್ಧ ದೀಪ ಆರಿತು. ಸಭಾಂಗಣದವನು ಸ್ವಿಚ್ಚಿನ ಮೇಲೆ ಕೈಯಿಟ್ಟು ಗಡಿಯಾರ ತೋರಿಸಿದ. ನಂದಕುಮಾರ ಇಂಗ್ಲಿಷಿನಲ್ಲಿ ಕ್ಷಮೆ ಕೇಳಿ, ಮುಂದಿನ ವರ್ಷ ಖಂಡಿತ ಎಂದ. ಎಂಬತ್ತು ದಾಟಿದವರಿಗೆ ಮುಂದಿನ ವರ್ಷ. ಕಿಮೊ ನಕ್ಕು, ಎರಡೂ ಕೊಂಡಿಗಳನ್ನು ಟಪ್ ಟಪ್ ಎಂದು ಮತ್ತೆ ಹಾಕಿದರು. ಟ್ರಾಮಿನಲ್ಲಿ ಪೇಟ ತೆಗೆಯಲು ಮರೆತು ಕಿಟಕಿಯ ಹೊರಗೆ ನೋಡುತ್ತ ಕೂತಿದ್ದರು. ಇಳಿಯುವಾಗ, ಒಳ್ಳೆಯ ಪ್ರೇಕ್ಷಕರು ಎಂದರು. ಅದು ಬಹುಶಃ ಅವರು ಎಲ್ಲ ಊರುಗಳಲ್ಲೂ ಹೇಳಿದ್ದ ಮಾತು.

ಯಾರಾದರೂ ಬೈದಿದ್ದರೆ ಇಷ್ಟಾಗುತ್ತಿರಲಿಲ್ಲ. ಬಳಗದ ಗ್ರೂಪಿನಲ್ಲಿ ಅಂದೇ ಸಂದೇಶಗಳು ಬಂದವು. ಇಷ್ಟು ಚೆಂದದ ಪರಿಚಯ ಕೇಳೇ ಇರಲಿಲ್ಲ. ಆ ಹಾಡು ಕಿವಿಯಲ್ಲೇ ಇದೆ. ಸ್ಪಂದನಾ ಬರೆದಿದ್ದಳು: ಸರ್, ನೀವು ಇಷ್ಟು ಚೆನ್ನಾಗಿ ಹಾಡ್ತೀರಾ ಅಂತ ಗೊತ್ತೇ ಇರಲಿಲ್ಲ, ನೆಕ್ಸ್ಟ್ ಟೈಮ್ ಸೋಲೋ. ಇದನ್ನು ಅವನು ಮೂರು ಸಲ ಓದಿದ್ದ. ಮೂರನೆಯ ಸಲ ಓದುವಾಗ ಸಂತೋಷವಾಗುತ್ತಿರುವುದು ತಿಳಿದು ನಾಚಿಕೆಯಾಗಿ ಫೋನನ್ನು ಮಗುಚಿಟ್ಟಿದ್ದ. ಶಾರದಾ ಪಾತ್ರೆ ತೊಳೆಯುತ್ತ ಬೆನ್ನು ತಿರುಗಿಸದೆ, "ರೀ, ಅವ್ರು ಹಾಡ್ಬೇಕಿತ್ತಲ್ವಾ?" ಅಂದಿದ್ದಳು. "ಟೈಮ್ ಆಗೋಯ್ತಲ್ಲ," ಅಂದಿದ್ದ ಅವನು. "ಪಪ್ಪಾ, ದಟ್ ವಾಸ್ ಹಿಸ್ ಸಾಂಗ್," ಎಂದು ಸೋಫಾದಿಂದ ಶ್ರಾವಣಿ, ತಲೆಯೆತ್ತದೆ.

ಶೇಷಾದ್ರಿ ಗುಂಡಿ ಒತ್ತಿದ. ದೀಪ ಹತ್ತಿತು. ಇಳಿದ.

ಕಿಮೊ ಬೆಂಚಿನ ಮೇಲೆ ಕೂತು ಯಂತ್ರದ ದುಂಡು ಗಾಜನ್ನು ನೋಡುತ್ತಿದ್ದರು. ಒಳಗೆ ಸನ್ಮಾನದ ಕೆಂಪು ಶಾಲು ಅವರ ಬಿಳಿ ಬಟ್ಟೆಗಳ ನಡುವೆ ಸುತ್ತುತ್ತಿತ್ತು. ಅವು ಬಿಳಿಯಾಗಿ ಉಳಿದಿರಲಿಲ್ಲ.

"ಶೇಷ್. ಈ ಶಾಲನ್ನ ಎಷ್ಟು ಡಿಗ್ರಿಗೆ ಹಾಕಬೇಕಿತ್ತು?"

"ಅದನ್ನ ಒಗೆಯಲ್ಲ ಸರ್."

"ಮತ್ತೆ ಏನು ಮಾಡ್ತೀರಿ?"

"ಎತ್ತಿಟ್ಟಿರ್ತೀವಿ. ಆಮೇಲೆ ಇನ್ಯಾರಿಗಾದ್ರೂ ಹೊದಿಸ್ತೀವಿ."

ಕಿಮೊ ಒಪ್ಪಿದವರಂತೆ ತಲೆಯಾಡಿಸಿದರು. ಪಾರ್ಕಿನ ಪ್ಲಾಸ್ಟಿಕ್ ಹಾರಗಳನ್ನೂ ಹಾಗೇ ಮಾಡುತ್ತಿದ್ದೆವು ಎಂದರು. ಶನಿವಾರ ಲೇನಾ ಗಾಡಿ ತರುತ್ತಾಳೆ, ಓರೆಬ್ರೂದಲ್ಲಿ ಬಿಳಿ ಪ್ಯಾಂಟನ್ನು ಯಾರೂ ಕೇಳುವುದಿಲ್ಲ, ಗುಲಾಬಿಯಾದರೆ ಗುಲಾಬಿ. ಶೇಷಾದ್ರಿ ಬುಟ್ಟಿ ಕೆಳಗಿಟ್ಟ. ನಾಲ್ಕು ದಿನದಿಂದ ಸ್ವೀಡಿಷಿನಲ್ಲೂ ಇಂಗ್ಲಿಷಿನಲ್ಲೂ ಕ್ಷಮೆಯ ವಾಕ್ಯಗಳನ್ನು ಜೋಡಿಸಿಟ್ಟುಕೊಂಡಿದ್ದ. ಜೇಬಿಗೆ ಕೈಹಾಕಿದಾಗ ಫೋನು ಸಿಕ್ಕಿತು.

"ಸರ್, ಈಗ ಹಾಡಿ. ಇಲ್ಲೇ. ನಾನು ರೆಕಾರ್ಡ್ ಮಾಡಿ ಗ್ರೂಪಿಗೆ ಹಾಕ್ತೀನಿ, ಎಲ್ಲರೂ ಕೇಳ್ತಾರೆ."

ಕಿಮೊ ಫೋನನ್ನು ನೋಡಿದರು. ಅವನ ಮುಖ ನೋಡಿದರು. ಆಮೇಲೆ ಮಂಡಿಯ ಮೇಲೆ ಕೈಯೂರಿ ನಿಧಾನವಾಗಿ ಎದ್ದು, ಸ್ವೆಟರಿನ ಅಂಚನ್ನು ಕೆಳಗೆಳೆದುಕೊಂಡು, ಗಂಟಲು ಸರಿಮಾಡಿಕೊಂಡರು. ಇದುವರೆಗೆ ಶೇಷಾದ್ರಿ ಕೇಳಿರದಿದ್ದ ದೊಡ್ಡ, ದುಂಡನೆಯ, ಪಾರ್ಕಿನ ಕೊನೆಯ ಮರದವರೆಗೆ ಮುಟ್ಟುವ ದನಿ ಅವರೊಳಗಿಂದ ಬಂತು. ಅದು ಒಂದಿಷ್ಟೂ ನಡುಗಲಿಲ್ಲ.

"ಮಹಿಳೆಯರೇ, ಮಹನೀಯರೇ. ಬೆಂಗಳೂರಿನ ಶೇಷಾದ್ರಿ."

ಅಷ್ಟು ಹೇಳಿ ಕೂತರು. ಇನ್ನೇನಾದರೂ ಇದೆಯೇ ಎಂದು ಶೇಷಾದ್ರಿ ಕಾದ. ಇರಲಿಲ್ಲ, ಪರಿಚಯ ಮುಗಿದಿತ್ತು. ಕಿಮೊ ಕೈಗಳನ್ನು ಮಂಡಿಯ ಮೇಲಿಟ್ಟು, ತಲೆಯನ್ನು ಸ್ವಲ್ಪ ವಾಲಿಸಿ, ಎಲ್ಲರಿಗಿಂತ ಮೊದಲೇ ಬಂದು ಕೂತ ಪ್ರೇಕ್ಷಕನ ತಾಳ್ಮೆಯಲ್ಲಿ ಅವನನ್ನೇ ನೋಡುತ್ತಿದ್ದರು. ಸಿಟ್ಟಿದೆಯೇ ಎಂದು ಹುಡುಕಿದ. ಕಾಣಲಿಲ್ಲ, ಇದ್ದಿದ್ದರೆ ಹಿಡಿದುಕೊಳ್ಳಲು ಏನಾದರೂ ಸಿಗುತ್ತಿತ್ತು. ಕಾಲು ಬದಲಿಸಿದ. ನಕ್ಕು ನೋಡಿದ. ಅವರು ನಗಲಿಲ್ಲ. ಬೇರೆ ದಾರಿ ಕಾಣದೆ, ಬಿಳಿ ಟೈಲ್ಸಿನ ಗೋಡೆಗೆ ಮುಖಮಾಡಿ, ಶೇಷಾದ್ರಿ ಹಾಡಿದ. ಬೆಟ್ಟದಿಂದ ನೀರು ಬಂತು. ನಮ್ಮ ಗದ್ದೆಯಲ್ಲಿ ಒಂದಿಷ್ಟು ಹೊತ್ತು ನಿಂತಿತು. ಟೈಲ್ಸಿನ ಕೋಣೆಯಲ್ಲಿ ದನಿ ಇರುವುದಕ್ಕಿಂತ ಚೆನ್ನಾಗಿಯೇ ಕೇಳಿಸಿತು. ಕಿಮೊ ಕಣ್ಣು ಮುಚ್ಚಿದ್ದರು. ಅವರ ಹೆಬ್ಬೆರಳು ಮಂಡಿಯ ಮೇಲೆ ತಾಳ ಹಾಕುತ್ತಿತ್ತು; ಅವನು ನಿಲ್ಲಿಸಿದ ಮೇಲೂ ಹೆಬ್ಬೆರಳು ಇನ್ನೊಂದು ಸಾಲಿನಷ್ಟು ದೂರ ಮುಂದೆ ಹೋಗಿ ನಿಂತಿತು.

"ಮುಂದೆ?" ಅಂದರು.

"ಮುಂದಿನದು ನಂಗೆ ಗೊತ್ತಿಲ್ಲ ಸರ್."

"ಹೌದು," ಅಂದರು ಕಿಮೊ. "ಗೊತ್ತಿಲ್ಲ."

ಯಂತ್ರ ನಿಂತು ಬಾಗಿಲಿನ ಚಿಲಕ ಸಡಿಲವಾಯಿತು. ಕಿಮೊ ಎದ್ದು ಗುಲಾಬಿಯಾದ ಬಟ್ಟೆಗಳನ್ನು ಒಂದೊಂದಾಗಿ ಕೊಡವಿ ಚೀಲಕ್ಕೆ ಹಾಕಿದರು. ನಿಯಮದಂತೆ ಸಾಬೂನಿನ ಖಾನೆ ಒರೆಸಿದರು, ನೆಲ ಗುಡಿಸಿದರು. ಹಲಗೆಯಿಂದ ತಮ್ಮ ಪುಟ್ಟ ಬೀಗವನ್ನು ತೆಗೆದು, ಬೇರೆ ಯಾವ ತೂತಿಗೂ ಹಾಕದೆ, ಜೇಬಿಗೆ ಬಿಟ್ಟುಕೊಂಡರು. ಕೊನೆಗೆ ಯಂತ್ರದೊಳಗೆ ಉಳಿದಿದ್ದ ಶಾಲನ್ನು ಎತ್ತಿ, ಎರಡು ಕೈಯಲ್ಲಿ ಬಿಡಿಸಿ, ಬಂದು ಶೇಷಾದ್ರಿಯ ಹೆಗಲಿಗೆ ಹೊದಿಸಿದರು. ನಂದಕುಮಾರ ಮಾಡಿದ್ದಂತೆಯೇ ಎರಡೂ ಸೆರಗುಗಳನ್ನು ಎದೆಯ ಮೇಲೆ ಸಮ ಮಾಡಿದರು. ಕೈ ಕುಲುಕಿದರು. ಕುಲುಕುವಾಗ ಕ್ಯಾಮೆರಾ ಇರಬಹುದಾದ ಕಡೆಗೆ ಒಂದಿಷ್ಟು ತಿರುಗಿ ನಿಂತರು, ಅಭ್ಯಾಸಬಲ. ಆಮೇಲೆ ಚೀಲ ಎತ್ತಿಕೊಂಡು ಮೆಟ್ಟಿಲು ಹತ್ತಿದರು. ಮೇಲೆ ಎಲ್ಲೋ ಕೆಮ್ಮಿದ್ದು ಕೇಳಿಸಿತು, ಲಿಫ್ಟಿನ ಬಾಗಿಲು ಮುಚ್ಚಿದ್ದು ಕೇಳಿಸಿತು.

ಒದ್ದೆ ಶಾಲು ಭಾರವಾಗಿತ್ತು. ನೀರು ಅಂಗಿಯೊಳಗೆ ಇಳಿದು ಬೆನ್ನು ತಣ್ಣಗಾಗುತ್ತಿತ್ತು, ಎದೆಯ ಮೇಲೆ ಬಿಳಿ ಅಂಗಿಗೆ ಕೆಂಪು ಹತ್ತುತ್ತಿತ್ತು. ತೆಗೆಯಬೇಕೆಂದುಕೊಂಡ; ತೆಗೆಯಲು ಕೈ ಬರಲಿಲ್ಲ. ಹಾಗೇ ಬಗ್ಗಿ ಮಗಳ ಬಟ್ಟೆ, ಹೆಂಡತಿಯ ಬಟ್ಟೆ, ತನ್ನ ಬಟ್ಟೆ ತುಂಬಿ, ಸಾಬೂನನ್ನು ಸರಿಯಾದ ಖಾನೆಗೆ ಸುರಿದು ಗುಂಡಿ ಒತ್ತಿದ. ಯಾರೂ ಇಲ್ಲದ್ದನ್ನು ನೋಡಿಕೊಂಡು ಆ ಎರಡು ಸಾಲುಗಳನ್ನು ಇನ್ನೊಮ್ಮೆ ಮೆಲ್ಲಗೆ ಹಾಡಿಕೊಂಡ, ಮೂರನೆಯದು ತಾನಾಗಿ ಬಂದರೂ ಬರಬಹುದು ಎಂದು. ಅದು ಬರಬೇಕಾಗಿದ್ದ ಕಡೆ ಯಂತ್ರದೊಳಗೆ ನೀರು ಬಂದು ತುಂಬತೊಡಗಿತು.